ಎಲ್ಲರೂ ಹತ್ತಿದ ಮೇಲೆಯೇ ಹೊರಡುವ ವ್ಯಾನು

ಇಂಕಾ ಅರಸರ ಹಳೆಯ ರಾಜಧಾನಿ ಕುಸ್ಕೊ ನಗರಕ್ಕೆ ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಸಾನ್ ಸೆಬಾಸ್ತಿಯಾನ್ ಬಡಾವಣೆಯ ನಮ್ಮ ಬೀದಿಯಲ್ಲಿ ತೆರೆದಿರುವುದು ಎರಡೇ ಬಾಗಿಲು: ಒಂದು ಬೇಕರಿಯದು, ಇನ್ನೊಂದು ನಸಾರಿಯೊ ಕೋರಿಮಾನ್ಯರ ವ್ಯಾನಿನದು. ಆಗಸ್ಟ್ ತಿಂಗಳ ಚಳಿಗೆ ಗಾಜಿನ ಮೇಲೆ ಇಬ್ಬನಿ ಗಟ್ಟಿಯಾಗಿ ಕೂತಿದೆ. ಬಕೆಟ್ಟಿನಲ್ಲಿ ಉಗುರುಬೆಚ್ಚಗಿನ ನೀರು ಇಟ್ಟುಕೊಂಡು, ಹಳೆಯ ಬನಿಯನ್ ತುಂಡಿನಿಂದ ಅವರು ಅದನ್ನು ಮೆಲ್ಲಗೆ ಬಿಡಿಸುತ್ತಿದ್ದಾರೆ. ಕೆನ್ನೆಯಲ್ಲಿ, ಚಳಿಗೆ ಇಲ್ಲಿನವರು ಜಗಿಯುವ ಒಂದು ಹಿಡಿ ಕೋಕಾ ಎಲೆ. ಗಾಜು ಮುಗಿದ ಮೇಲೆ ಲೋಟದ ಚಹಾದಲ್ಲಿ ಮೊದಲ ಗುಟುಕನ್ನು ಮುಂದಿನ ಚಕ್ರದ ಬುಡಕ್ಕೆ, ನೆಲದ ತಾಯಿಗೆಂದು, ಚೆಲ್ಲುತ್ತಾರೆ. ಉಳಿದದ್ದು ಅವರಿಗೆ.

ದಿನವೂ ನಮ್ಮ ಕಿಟಕಿಯಿಂದ ನೋಡುವ ದೃಶ್ಯವೇ ಇದು. ನಾನು ಅವರ ಎದುರು ಮನೆಯವನು. ಆದರೆ ಇವತ್ತು ಭಾನುವಾರ, ಅವರಿಗೆ ರಜೆ. ರಜೆಯ ದಿನವೂ ಈ ಮನುಷ್ಯ ಗಾಜು ಒರೆಸುವುದೇಕೆ ಎಂದರೆ, ಇವತ್ತು ಅವರು ಚಾಲಕರಲ್ಲ, ಪ್ರವಾಸಿ. ತಮ್ಮದೇ ವ್ಯಾನಿನ ಹಿಂದಿನ ಸೀಟಿನಲ್ಲಿ ಕೂತು ಹೋಗುವವರು. ಅವರ ಬಗ್ಗೆ ಬರೆಯಲೆಂದು ನಾನೂ ಜೊತೆಗೆ ಹೊರಟಿದ್ದೇನೆ.

"ಕೂರೋನು ನಾನೇ ಆದ್ರೂ ಗಾಜು ಗಾಜೇ ಅಲ್ವಾ ಮೇಷ್ಟ್ರೇ," ಎನ್ನುತ್ತಾರೆ ನಸಾರಿಯೊ. ಬರೆಯುವವರೆಲ್ಲ ಅವರಿಗೆ ಮೇಷ್ಟ್ರು.

ಹೋಟೆಲಿನ ಬಾಗಿಲಲ್ಲಿ ಇಬ್ಬರನ್ನೋ ನಾಲ್ವರನ್ನೋ ಹತ್ತಿಸಿಕೊಂಡು, ಕಣಿವೆಯ ಇಂಕಾ ಜಾಗಗಳನ್ನೆಲ್ಲ ಸುತ್ತಿಸಿ, ಕತ್ತಲಾಗುವುದರೊಳಗೆ ತಂದು ಬಿಡುವುದು ನಸಾರಿಯೊ ಅವರ ಕೆಲಸ. ಚೆನ್ನಾಗಿ ದುಡ್ಡು ಕೊಟ್ಟು ಒಂದೇ ಕುಟುಂಬಕ್ಕೆಂದು ಗೊತ್ತು ಮಾಡಿಕೊಳ್ಳುವ ಒಂದು ದಿನದ ಪ್ರವಾಸ. ಜೊತೆಗೊಬ್ಬ ಗೈಡ್ ಇರುತ್ತಾನೆ. ಅವನ ಹೆಸರು ಜನರಿಗೆ ನೆನಪಿರುತ್ತದೆ, ಅವನ ಜೊತೆ ಫೋಟೊ ತೆಗೆಸಿಕೊಳ್ಳುತ್ತಾರೆ. ಚಾಲಕನ ಬೆನ್ನು ಮಾತ್ರ ನೆನಪಿರುತ್ತದೆ. ಮದುವೆಗೆ ಮುಂಚಿನಿಂದ ಇದೇ ಕೆಲಸ ಮಾಡುತ್ತಿರುವ ನಸಾರಿಯೊ ಅವರಿಗೆ ಈಗ ತಲೆ ಪೂರ್ತಿ ನೆರೆತಿದೆ. ಈ ಕಣಿವೆಯ ಯಾವ ತಿರುವಿನಲ್ಲಿ ಯಾರ ಮನೆಯ ನಾಯಿ ಅಡ್ಡ ಬರುತ್ತದೆ ಎನ್ನುವುದೂ ಅವರಿಗೆ ಗೊತ್ತು.

ಇಷ್ಟೆಲ್ಲ ಗೊತ್ತಿರುವ ಮನುಷ್ಯ ಇಷ್ಟು ವರ್ಷದಲ್ಲಿ ಒಂದು ದಿನವೂ, ಒಂದೇ ಒಂದು ಇಂಕಾ ಜಾಗದ ಗೇಟು ದಾಟಿ ಒಳಗೆ ಹೋಗಿಲ್ಲ. ವ್ಯಾನು ನಿಲ್ಲಿಸುವ ಜಾಗದವರೆಗೆ ಮಾತ್ರ ಅವರ ಊರು, ಅಲ್ಲಿಂದಾಚೆ ಪರದೇಶ.

"ಒಳಗೆ ಹೆಂಗಿದೆ ಅಂತ ಗೊತ್ತು ನಂಗೆ," ಎನ್ನುತ್ತಾರೆ. "ವಾಪಸ್ ಬಂದವರು ಫೋನಲ್ಲಿ ಫೋಟೊ ತೋರಿಸ್ತಾರೆ. ನೋಡು ನಸಾರಿಯೊ, ಎಷ್ಟು ಚೆನ್ನಾಗಿದೆ ಅಂತಾರೆ. ಹೌದು ಹೌದು ಅಂತೀನಿ. ಎಲ್ಲಾ ಫೋಟೊದಲ್ಲೂ ಮುಂದೆ ಅವರೇ ನಿಂತಿರ್ತಾರೆ, ಹಿಂದೆ ಸ್ವಲ್ಪ ಕಲ್ಲು ಕಾಣುತ್ತೆ. ಆ ಚೂರು ಚೂರನ್ನೇ ಜೋಡಿಸ್ಕೊಂಡು ತಲೇಲಿ ಇಟ್ಕೊಂಡಿದ್ದೀನಿ."

ಅವರ ಇನ್ನೊಂದು ಹೆಮ್ಮೆ ಬೇರೆ ಚಾಲಕರ ಬಾಯಲ್ಲಿ ತಮಾಷೆಯಾಗಿದೆ. ಹೊತ್ತಾಯಿತೆಂದು, ಯಾರೋ ಒಬ್ಬರು ಶೌಚಾಲಯದಲ್ಲಿರುವಾಗಲೇ ವ್ಯಾನು ಹೊರಡಿಸಿಕೊಂಡು ಬಂದ ಕಥೆ ಇಲ್ಲಿ ಪ್ರತಿ ಚಾಲಕನ ಬಳಿಯೂ ಒಂದಿದೆ. ನಸಾರಿಯೊ ಬಳಿ ಇಲ್ಲ. ಎಷ್ಟೇ ಹೊತ್ತಾಗಲಿ, ಗೈಡ್ ಹಿಂದೆ ತಿರುಗಿ "ಎಲ್ಲರೂ ಬಂದ್ರಾ?" ಎಂದು ಕೇಳಿದಾಗ, ತಾವೂ ಕನ್ನಡಿಯಲ್ಲಿ ತಲೆ ಎಣಿಸಿ, "ಬಂದ್ರು" ಎಂದು ಬಾಯಿಬಿಟ್ಟು ಹೇಳಿದ ಮೇಲೆಯೇ ಅವರ ಕಾಲು ಕ್ಲಚ್ಚಿನ ಮೇಲಿಂದ ಏಳುವುದು. "ಇವನ ವ್ಯಾನಲ್ಲಿ ಕೂತ್ರೆ ಸತ್ತವರೂ ಬರೋವರೆಗೆ ಕಾಯಬೇಕು," ಎಂದು ರೇಗಿಸುವವರು ಬಾಸಿಲಿಯೊ. ಅವರು ನಸಾರಿಯೊ ಅವರ ಹಳೆಯ ಗೆಳೆಯ, ಅವರ ಮಗಳಿಗೆ ಚರ್ಚಿನ ಜ್ಞಾನಸ್ನಾನದಲ್ಲಿ ಧರ್ಮಪಿತನಾಗಿ ನಿಂತವರು. ಇವತ್ತು ಸ್ಟಿಯರಿಂಗ್ ಅವರ ಕೈಯಲ್ಲಿದೆ.

ಮಗಳು ಇಲಾರಿಯಾ ಈಗ ಅವರದೇ ವ್ಯಾನಿನ ಗೈಡ್. ಇವತ್ತಿನ ಪ್ರವಾಸದ ಮಾಲಕಿಯೂ ಅವಳೇ. ಕೆಂಪು ಜಾಕೆಟ್ಟು, ಕೊರಳಲ್ಲಿ ಗುರುತಿನ ಚೀಟಿ, ಕೈಯಲ್ಲಿ ಚಿಕ್ಕ ಬಾವುಟದ ಕೋಲು, ಎಲ್ಲ ಹಾಕಿಕೊಂಡು ಅಪ್ಪನ ಮುಂದೆ ನಿಂತು ಹೇಳುತ್ತಾಳೆ: "ಶುಭೋದಯ ಸ್ವಾಮಿ. ನಾನು ನಿಮ್ಮ ಗೈಡ್. ದಯವಿಟ್ಟು ಬೆಲ್ಟ್ ಹಾಕ್ಕೊಳ್ಳಿ."

"ಹಾಕ್ಕೊಂಡಿದ್ದೀನಿ ಕಣೇ, ಸುಮ್ನಿರು," ಎನ್ನುತ್ತಾರೆ ಅಪ್ಪ. ಕಿವಿ ಕೆಂಪಾಗಿದೆ.

ನಸಾರಿಯೊ ಗೇಟು ದಾಟದಿರುವುದಕ್ಕೆ ಕಾರಣ ನಮ್ಮ ಬೀದಿಗೆಲ್ಲ ಗೊತ್ತು. ಪೀಸಾಕ್ ಬೆಟ್ಟದ ಮೇಲಿನ ಹಳ್ಳಿಯವರು ಅವರು. ಚಿಕ್ಕವರಿದ್ದಾಗ ತಮ್ಮ ತೋರಿಬಿಯೊ ಜೊತೆ ಕುರಿ ಕಾಯುತ್ತಿದ್ದರು. ಒಂದು ಮಧ್ಯಾಹ್ನ ತೋರಿ ಅಲ್ಲಿನ ಇಂಕಾ ಪಾಳು ಗೋಡೆಗಳ ನಡುವೆ ಮಲಗಿದ, ಎದ್ದು ಬಂದವನು ಕಾಯಿಲೆ ಬಿದ್ದು ತೀರಿಕೊಂಡ. ಆ ಕಲ್ಲುಗಳು ಸೂರ್ಯ ಹುಟ್ಟುವುದಕ್ಕೂ ಮುಂಚಿನ ಹಳಬರದ್ದು, ಸುಡುಬಿಸಿಲಿನಲ್ಲಿ ಅಲ್ಲಿ ಮಲಗಿದರೆ ಅವರ ಗಾಳಿ ಬಡಿಯುತ್ತದೆ ಎನ್ನುವುದು ಬೆಟ್ಟದ ಮೇಲಿನವರ ನಂಬಿಕೆ. ನಗುವವರು ನಗಲಿ. ಅಲ್ಲಿ ಮಧ್ಯಾಹ್ನ ಕೂತು ಬುತ್ತಿ ಬಿಚ್ಚುವ ಧೈರ್ಯ ನನಗಂತೂ ಇಷ್ಟು ವರ್ಷವಾದರೂ ಬಂದಿಲ್ಲ.

ಹೀಗಿರುವಾಗ ಮಗಳು ಗೈಡ್ ಆಗುತ್ತೇನೆ ಎಂದಳು. ಅಪ್ಪ ಒಂದು ಮಳೆಗಾಲ ಪೂರ್ತಿ ಅವಳ ಜೊತೆ ಮಾತು ಬಿಟ್ಟರು. ಆಮೇಲೆ ಮಾತೇನೋ ಬಂತು. ಆದರೆ ಅವಳ ಕೆಲಸದ ಬಗ್ಗೆ ಒಂದೂ ಪ್ರಶ್ನೆ ಬರಲಿಲ್ಲ. ಬಂದದ್ದು ಬೆಳ್ಳುಳ್ಳಿ. ಗಾಳಿ ತಾಕದಿರಲೆಂದು ದಿನವೂ ಬೆಳಿಗ್ಗೆ ಅವಳ ಜಾಕೆಟ್ಟಿನ ಜೇಬಿಗೆ ಎರಡು ಎಸಳು ಬೆಳ್ಳುಳ್ಳಿ ಇಳಿಬಿಡುತ್ತಾರೆ.

"ದೊಡ್ಡ ದೊಡ್ಡ ಜನರ ಮುಂದೆ ಕರ್ಚೀಫ್ ತೆಗೀತೀನಿ ಮಾವ, ಬೆಳ್ಳುಳ್ಳಿ ಉರುಳ್ಕೊಂಡು ಹೋಗುತ್ತೆ," ಎನ್ನುತ್ತಾಳೆ ಇಲಾರಿಯಾ ನನಗೆ. ಆಮೇಲೆ ಅಪ್ಪನಿಗೆ ಕೇಳದಂತೆ ದನಿ ತಗ್ಗಿಸುತ್ತಾಳೆ. "ನನ್ನ ಕೆಲಸ ಅವನಿಗೆ ಇಷ್ಟ ಇಲ್ಲ. ದಿನಾ ಗೇಟಿನ ತನಕ ತಂದು ಬಿಡ್ತಾನೆ, ಒಳಗೆ ನಾನೇನು ಮಾಡ್ತೀನಿ ಅಂತ ಒಂದು ದಿನ ಕೇಳಿಲ್ಲ. ಇವತ್ತು ಒಳಗೆ ಕರ್ಕೊಂಡು ಹೋಗಲೇಬೇಕು. ಒಂದು ಸಲ ನನ್ನ ಮಾತು ಕೇಳಲಿ, ಸಾಕು."

ಭಾನುವಾರ ಊರಿನವರಾದ ನಮಗೆ ಟಿಕೇಟು ಬೇಕಿಲ್ಲ. ಹಾಗಾಗಿ ಭಾನುವಾರವನ್ನೇ ಆರಿಸಿದ್ದಾಳೆ. ದಾರಿಯನ್ನೂ ತಿರುವುಮುರುವು ಮಾಡಿದ್ದಾಳೆ. ಎಲ್ಲರೂ ಬೆಳಿಗ್ಗೆಯೇ ನೋಡುವ ಪೀಸಾಕನ್ನು ಕೊನೆಗಿಟ್ಟು, ಚಿಂಚೇರೊ ಊರಿನ ಮೇಲಿಂದ ಮೊದಲು ಇನ್ನೊಂದು ಇಂಕಾ ಜಾಗವಾದ ಮೊರಾಯ್‌ಗೆ.

ಹಿಂದಿನ ಸೀಟಿನಲ್ಲಿ ಕೂತ ಚಾಲಕನಷ್ಟು ಕಷ್ಟದ ಪ್ರಯಾಣಿಕ ಇನ್ನೊಬ್ಬನಿಲ್ಲ. ಪ್ರತಿ ತಿರುವಿಗೂ ನಸಾರಿಯೊ ಅವರ ಬಲಗಾಲು ಇಲ್ಲದ ಬ್ರೇಕನ್ನು ಒತ್ತುತ್ತದೆ. "ನಾಯಿ, ನಾಯಿ," ಎನ್ನುತ್ತಾರೆ.

"ನಾಯಿ ನನಗೂ ಕಾಣುತ್ತೆ ಕಣೋ," ಎನ್ನುತ್ತಾರೆ ಬಾಸಿಲಿಯೊ. "ಕಿಟಕಿ ನೋಡು. ಪ್ರವಾಸಿ ಥರ ಬಾಯಿ ತೆಗೆದು ಕೂತ್ಕೋ."

ಮುಂದಿನ ಕನ್ನಡಿಗೆ ಒಂದು ಪುಟ್ಟ ಉಣ್ಣೆಯ ಟೋಪಿ ತೂಗುಬಿದ್ದಿದೆ. ಕಿವಿ ಮುಚ್ಚುವಂಥದು, ಬಣ್ಣ ಪೂರ್ತಿ ಮಾಸಿದೆ. ಅದನ್ನು ಕೊಡುತ್ತೀಯಾ ಎಂದು ಕೇಳಿದ ಪ್ರವಾಸಿಗರಿಗೆ ಲೆಕ್ಕವಿಲ್ಲ. ನಸಾರಿಯೊ ನಗುತ್ತಾರೆ, ಕೊಡುವುದಿಲ್ಲ. ಅದು ತಾನು ಮಗುವಾಗಿದ್ದಾಗಿನ ಟೋಪಿ ಎಂದು ಇಲಾರಿಯಾ ತಿಳಿದುಕೊಂಡಿದ್ದಾಳೆ.

ಮೊರಾಯ್ ಬರುತ್ತದೆ. ವ್ಯಾನುಗಳ ಸಾಲಿನಲ್ಲಿ ಬಾಸಿಲಿಯೊ ನಿಲ್ಲಿಸುತ್ತಾರೆ. ನಸಾರಿಯೊ ಇಳಿದು, ಕೂದಲು ಸರಿಮಾಡಿಕೊಂಡು, ಮಗಳ ಹಿಂದೆ ಗೇಟಿನತ್ತ ನಡೆಯುತ್ತಾರೆ. ಗೇಟಿನ ಕಂಬದ ಹತ್ತಿರ ಬಂದವರು ಇದ್ದಕ್ಕಿದ್ದಂತೆ ನಿಲ್ಲುತ್ತಾರೆ.

"ಹಿಂದಿನ ಟೈರಲ್ಲಿ ಗಾಳಿ ಕಮ್ಮಿ ಇತ್ತು ಅನ್ಸುತ್ತೆ. ನೋಡ್ಕೊಂಡು ಬಂದೆ. ನೀವು ನಡೀತಿರಿ."

ಟೈರು ಸರಿಯಾಗಿಯೇ ಇದೆ. ಅದು ಅವರಿಗೂ ಗೊತ್ತು, ನಮಗೂ ಗೊತ್ತು. ಬಾವುಟದ ಕೋಲು ಹಿಡಿದು ಮಗಳು ಬಹಳ ಹೊತ್ತು ಕಾಯುತ್ತಾಳೆ. ಕೊನೆಗೆ ನನ್ನೊಬ್ಬನನ್ನೇ ಕರೆದುಕೊಂಡು ಒಳಗೆ ಹೋಗುತ್ತಾಳೆ. ಬಾವಿಯಂತೆ ಸುತ್ತುಸುತ್ತಾಗಿ ಇಳಿಯುವ ಹೊಲದ ಮೆಟ್ಟಿಲುಗಳನ್ನು ತೋರಿಸಿ ವಿವರಿಸುತ್ತಾಳೆ. ದನಿಯಲ್ಲಿ ಜೀವವಿಲ್ಲ. ತಿರುಗಿ ಬರುವಾಗ ಅಪ್ಪ ಬೇರೆ ಚಾಲಕರ ಗುಂಪಿನಲ್ಲಿ ಹುರಿದ ಜೋಳ ಮೆಲ್ಲುತ್ತಾ ಕೂತಿದ್ದಾರೆ. ನಮ್ಮನ್ನು ಕಂಡದ್ದೇ ತಲೆ ತಗ್ಗಿಸುತ್ತಾರೆ.

ಉರುಬಾಂಬಾದ ರಸ್ತೆಬದಿಯಲ್ಲಿ ಊಟ. ಬೇಯಿಸಿದ ಮುಸುಕಿನ ಜೋಳದ ತೆನೆ, ಚೀಸಿನ ತುಂಡು, ಹುರುಳಿಕಾಯಿಯಷ್ಟುದ್ದದ ಹಸಿರು ಮೆಣಸಿನಕಾಯಿಯ ಚಟ್ನಿ, ದೊಡ್ಡ ಲೋಟಗಳಲ್ಲಿ ಜೋಳದ ಹುಳಿ ಹೆಂಡ. ಬಾಸಿಲಿಯೊ ಊಟ ಮುಗಿಸಿ ವ್ಯಾನಿನಲ್ಲಿ ಕಣ್ಣು ಮುಚ್ಚಲು ಹೋಗುತ್ತಾರೆ. ಉಳಿದವರು ಮೂವರು. ಇಲಾರಿಯಾ ಜೋಳದ ಕಾಳನ್ನು ಒಂದೊಂದೇ ಬಿಡಿಸುತ್ತಾಳೆ, ಬಾಯಿಗೆ ಹಾಕಿಕೊಳ್ಳುವುದಿಲ್ಲ.

"ನನ್ನ ಕೆಲಸ ಅಷ್ಟೊಂದು ಕೆಟ್ಟದ್ದಾ ಅಪ್ಪಾ?" ಎಂದು ಕೇಳುತ್ತಾಳೆ.

ನಸಾರಿಯೊ ಲೋಟದಿಂದ ನಾಲ್ಕು ಹನಿ ನೆಲಕ್ಕೆ ಚೆಲ್ಲುತ್ತಾರೆ. ಕುಡಿಯುವುದಿಲ್ಲ.

"ಮೇಷ್ಟ್ರೇ, ನನ್ನ ಬಗ್ಗೆ ಬರೀತೀನಿ ಅಂದ್ರಲ್ಲ, ಇದನ್ನೂ ಬರ್ಕೊಳ್ಳಿ," ಎನ್ನುತ್ತಾರೆ. ಮಾತು ನನಗೆ, ಕಣ್ಣು ಮಗಳ ಮೇಲೆ. "ತೋರಿ ಅಲ್ಲಿ ಮಲಗಿದ್ದೋನು ಬೆಚ್ಚಿಬಿದ್ದು ಎದ್ದ. ಮನೆಗೆ ಬಂದ ಮೇಲೆ ಊಟ ಬಿಟ್ಟ, ಮಾತು ಬಿಟ್ಟ. ನಮ್ಮಜ್ಜಿ ನೋಡಿದ ತಕ್ಷಣ ಹೇಳಿದ್ಲು, ಮೈ ಮಾತ್ರ ಮನೆಗೆ ಬಂದಿದೆ, ಇವನ ಜೀವ ಅಲ್ಲೇ ಉಳ್ಕೊಂಡಿದೆ ಅಂತ. ಕರ್ಕೊಂಡು ಬರಬೇಕು ಅಂದ್ಲು. ಅವನ ಟೋಪಿ ನನ್ನ ಕೈಗೆ ಕೊಟ್ಲು. ಮಲಗಿದ್ದ ಜಾಗಕ್ಕೇ ಹೋಗಬೇಕು, ಟೋಪಿ ಬೀಸಿ ಹೆಸರು ಹಿಡಿದು ಕೂಗಬೇಕು, ಆಮೇಲೆ ತಿರುಗಿ ನೋಡದೆ ಮನೆಗೆ ಬರಬೇಕು. ಜಾಗ ಗೊತ್ತಿದ್ದಿದ್ದು ನನಗೊಬ್ಬನಿಗೇ."

ಬೆಟ್ಟದ ಮೇಲಿನ ಯಾವ ಮನೆಯಲ್ಲೂ ಇದು ಹೊಸದಲ್ಲ. ಬೆಚ್ಚಿದ ಮಗುವಿನ ಬಟ್ಟೆ ಹಿಡಿದು ಅದರ ಜೀವ ಕರೆಯುವುದನ್ನು ಎಲ್ಲರೂ ಮಾಡುತ್ತಾರೆ. ಇಲಾರಿಯಾಳನ್ನೂ ಹಾಗೆ ಒಮ್ಮೆ ಕರೆದು ತಂದಿದ್ದರಂತೆ.

"ನಾನು ಹೋಗಲಿಲ್ಲ," ಎನ್ನುತ್ತಾರೆ ನಸಾರಿಯೊ. "ಹೊತ್ತು ಮುಳುಗ್ತಿತ್ತು. ಆ ಗೋಡೆಗಳನ್ನ ನೋಡಿ ಕಾಲು ಏಳಲಿಲ್ಲ. ಕೆಳಗೆ ದಾರೀಲೇ ನಿಂತ್ಕೊಂಡು ಕೂಗಿದೆ. ಒಳಗೆ ಹೋಗಿ ಕೂಗಿ ಬಂದೆ ಅಂತ ಅಜ್ಜಿಗೆ ಸುಳ್ಳು ಹೇಳಿದೆ. ಅವಳು ನಂಬಿ ಟೋಪಿ ತಗೊಂಡು ಅವನ ತಲೆಗೆ ಹಾಕಿದ್ಲು. ಅದೇ ವಾರ ಹೋಗ್ಬಿಟ್ಟ. ನನ್ನ ಕೂಗು ಅವನಿಗೆ ಮುಟ್ಟಲೇ ಇಲ್ಲ. ನಮ್ಮ ಕಡೆ ಪದ್ಧತಿಯಂತೆ ಅವನ ಬಟ್ಟೆನೆಲ್ಲ ಹೊಳೇಲಿ ಒಗೆದು ಸುಟ್ರು. ಟೋಪಿ ಮಾತ್ರ ನಾನು ಬಚ್ಚಿಟ್ಟೆ."

ಇಲಾರಿಯಾ ತಿರುಗಿ ರಸ್ತೆಯಾಚೆ ನಿಂತ ವ್ಯಾನನ್ನು ನೋಡುತ್ತಾಳೆ. ಗಾಜಿನ ಹಿಂದೆ ಆ ಪುಟ್ಟ ಟೋಪಿ ಕಾಣುತ್ತದೆ.

ಮಗುವಿಗೆ ಜ್ವರ ನೆತ್ತಿಗೇರಿರಬೇಕು, ಅದಕ್ಕೆ ನಿಮ್ಮಿಂದ ಏನು ಮಾಡಲಾಗುತ್ತಿತ್ತು ಎಂಬ ಮಾತು ನನ್ನ ನಾಲಿಗೆಯ ತುದಿಗೆ ಬಂದಿತ್ತು. ನುಂಗಿಕೊಂಡೆ. ಆ ಮಾತಿನಿಂದ ಅವರಿಗೆ ಏನೂ ಆಗಬೇಕಾಗಿರಲಿಲ್ಲ.

"ಅಂದ್ರೆ ನೀನು ಒಳಗೆ ಬರದೇ ಇದ್ದಿದ್ದು ನನ್ನ ಮೇಲಿನ ಕೋಪಕ್ಕೆ ಅಲ್ಲ?" ಎನ್ನುತ್ತಾಳೆ ಇಲಾರಿಯಾ.

"ನಿನ್ನ ಮೇಲೆ ಯಾಕೆ ಕೋಪ ಮಗಳೇ. ಅವತ್ತು ಬೇಕಾದಾಗ ಹೋಗದೇ ಇದ್ದೋನು, ಈಗ ಯಾವ ಮುಖ ಇಟ್ಕೊಂಡು ಹೋಗಲಿ? ಅದೂ ಅಲ್ದೆ, ಆ ಜಾಗಕ್ಕೆ ನಿನ್ನನ್ನ ದಿನಾ ನಾನೇ ತಂದು ಬಿಟ್ಟು ಹೊರಗೆ ಕೂರಬೇಕು. ನೀನು ಗೇಟಿಂದ ಆಚೆ ಬರೋ ತನಕ ನಂಗೆ ನೀರೂ ಇಳಿಯಲ್ಲ."

ಹೋಟೆಲಿನಾಕೆ ಲೋಟ ಎತ್ತಿಕೊಂಡು ಹೋಗುತ್ತಾಳೆ. ಇಲಾರಿಯಾ ಬಿಡಿಸಿಟ್ಟ ಜೋಳದ ಕಾಳುಗಳನ್ನು ಒಟ್ಟು ಮಾಡಿ ಅಪ್ಪನ ಅಂಗೈಗೆ ಸುರಿಯುತ್ತಾಳೆ.

"ತಿನ್ನು," ಎನ್ನುತ್ತಾಳೆ. "ಗುರುತು ಪರಿಚಯ ಇಲ್ಲದವರಿಗೆಲ್ಲ ಎಷ್ಟು ಹೊತ್ತಾದ್ರೂ ಕಾಯ್ತೀಯಲ್ಲ. ಚಿಕ್ಕಪ್ಪ ನಮ್ಮನೆಯವನೇ ತಾನೆ. ಹೋಗಿ ಕರೆಯೋಣ ನಡಿ. ಬಂದ್ರೆ ಬರ್ತಾನೆ."

"ಇಷ್ಟು ವರ್ಷ ಆದ್ಮೇಲೆ?"

"ಬಸ್ಸು ತಪ್ಪಿದೋನು ಎಲ್ಲಿಗೆ ಹೋಗ್ತಾನೆ ಅಪ್ಪಾ? ನಿಲ್ದಾಣದಲ್ಲೇ ಇರ್ತಾನೆ."

ಪೀಸಾಕ್ ಬೆಟ್ಟದ ಮೇಲಿನ ಗೇಟು ಮುಟ್ಟುವಾಗ ಬಿಸಿಲು ಇಳಿದಿದೆ. ಕನ್ನಡಿಯಿಂದ ಟೋಪಿ ಬಿಚ್ಚಿ ನಸಾರಿಯೊ ಅಂಗಿಯೊಳಗೆ ಇಟ್ಟುಕೊಂಡಿದ್ದಾರೆ. ಬಾಸಿಲಿಯೊಗೆ ವಿಷಯ ಗೊತ್ತಿಲ್ಲ, ಆದರೂ ಅವರು ಕೇಳುವುದಿಲ್ಲ. ಕಾವಲಿನ ದೆಲ್ಫಿನಾ ಹೊರಗಿನ ಕಲ್ಲಿನ ಮೇಲೆ ನಸಾರಿಯೊ ಜೊತೆ ಕೂತು ವರ್ಷಗಟ್ಟಲೆ ಹರಟೆ ಹೊಡೆದವಳು. ಅವರು ಒಳಗೆ ಕಾಲಿಡಲು ಬಂದದ್ದನ್ನು ಕಂಡು ಅವಳ ಕೈಯಲ್ಲಿದ್ದ ಹೆಣಿಗೆ ನಿಲ್ಲುತ್ತದೆ.

"ಕುಸ್ಕೊದವನು ಅನ್ನೋದಕ್ಕೆ ಕಾರ್ಡ್ ತೋರ್ಸು," ಎನ್ನುತ್ತಾಳೆ.

"ನಾನು ಯಾರು ಅಂತ ಗೊತ್ತಿಲ್ವೇನೇ ನಿಂಗೆ?"

"ಗೇಟಿಂದ ಆಚೆ ಇರೋ ನಸಾರಿಯೊ ಗೊತ್ತು. ಒಳಗೆ ಹೋಗೋನು ಯಾರು ಅಂತ ಗೊತ್ತಿಲ್ಲಪ್ಪ. ತೆಗಿ ತೆಗಿ."

ಕಾರ್ಡು ಹುಡುಕುವ ಗಡಿಬಿಡಿಯಲ್ಲಿ, ನಗುವಿನಲ್ಲಿ, ಅವರ ಕಾಲು ಗೇಟಿನಿಂದ ಒಳಗೆ ಬಿದ್ದುಬಿಡುತ್ತದೆ. ಅದು ಗೊತ್ತಾದಾಗ ಹಿಂತಿರುಗಲು ಹೊತ್ತು ಮೀರಿರುತ್ತದೆ. ಇಲಾರಿಯಾ ಅವರ ತೋಳು ಹಿಡಿದುಕೊಂಡಿದ್ದಾಳೆ.

ಅಭ್ಯಾಸಬಲದಿಂದ ಅವಳು ಸ್ಪ್ಯಾನಿಷ್‌ನಲ್ಲಿ ಶುರುಮಾಡುತ್ತಾಳೆ: ಮಹನೀಯರೇ, ನಿಮ್ಮ ಎಡಕ್ಕೆ ನೋಡಿ. ಅಪ್ಪ ತಡೆಯುತ್ತಾರೆ. "ಯಾವ ಮಹನೀಯರು? ಮನೆ ಮಾತಲ್ಲಿ ಹೇಳೇ." ಅವಳು ಕೆಚುವಾದಲ್ಲಿ ಮೊದಲಿನಿಂದ ಶುರುಮಾಡುತ್ತಾಳೆ. ತಡವರಿಸುತ್ತಾಳೆ, ನಗುತ್ತಾಳೆ, ಮತ್ತೆ ಹಿಡಿಯುತ್ತಾಳೆ. ಬೆಳಗಿನ ದನಿಗೂ ಇದಕ್ಕೂ ಸಂಬಂಧವೇ ಇಲ್ಲ. ಮೇಲಿನ ಊಟೆಯಿಂದ ಕಾಲುವೆ ಹಿಡಿದು ನೀರು ಮನೆಮನೆಗೆ ಇಳಿದದ್ದು, ಸಂದಿಯಿಲ್ಲದಂತೆ ಕಲ್ಲು ಕೂರಿಸಿದ್ದು, ಮೆಟ್ಟಿಲು ಹೊಲದ ಒಂದೊಂದು ಅಂತಸ್ತಿನಲ್ಲಿ ಒಂದೊಂದು ಬೆಳೆ. ನಸಾರಿಯೊ ಒಳ್ಳೆಯ ಪ್ರವಾಸಿ. ಎಲ್ಲದಕ್ಕೂ ಪ್ರಶ್ನೆ ಕೇಳುತ್ತಾರೆ. ಫೋಟೊಗಳಲ್ಲಿ ಯಾರ್‍ಯಾರದೋ ಭುಜದ ಹಿಂದೆ ಕಂಡಿದ್ದ ಚೂರುಗಳನ್ನು ಈಗ ಸರಿಯಾದ ಜಾಗದಲ್ಲಿ ಇಡುತ್ತಿದ್ದಾರೆ. "ಓ, ಆ ದಪ್ಪ ಮನುಷ್ಯ ನಿಂತಿದ್ದು ಇಲ್ಲೇನಾ," ಎನ್ನುತ್ತಾರೆ. ಒಮ್ಮೆ ನನ್ನ ಕಿವಿಯ ಹತ್ತಿರ ಬಂದು, "ಎಷ್ಟು ಚೆನ್ನಾಗಿ ಹೇಳ್ತಾಳೆ ನೋಡಿ ಮೇಷ್ಟ್ರೇ," ಎನ್ನುತ್ತಾರೆ. ಮಗಳಿಗೆ ಕೇಳಿಸಿದೆ. ಅವಳು ಬೇಗಬೇಗ ಮುಂದೆ ನಡೆಯುತ್ತಾಳೆ, ಅಂಗೈಯಿಂದ ಕಣ್ಣು ಒರೆಸಿಕೊಳ್ಳುವುದು ಹಿಂದಿನಿಂದಲೇ ಗೊತ್ತಾಗುತ್ತದೆ.

ಪ್ರವಾಸಿಗರ ದಾರಿ ಬಲಕ್ಕೆ ಹೊರಳುವಲ್ಲಿ ನಸಾರಿಯೊ ನಿಲ್ಲುತ್ತಾರೆ. ಈಗ ದಾರಿ ತೋರಿಸುವವರು ಅವರು. ಎಡಕ್ಕೆ, ಒಣಹುಲ್ಲಿನ ನಡುವೆ, ಅರ್ಧ ಕುಸಿದ ಒಂದು ಮೋಟು ಗೋಡೆ. ಅದರ ಬುಡದಲ್ಲಿ ಒಂದು ಮಗು ಮಲಗುವಷ್ಟು ಚಪ್ಪಟೆ ನೆಲ.

"ಎಷ್ಟು ಚಿಕ್ಕ ಜಾಗ," ಎನ್ನುತ್ತಾರೆ. "ನಾನು ದೊಡ್ಡದು ಅಂದ್ಕೊಂಡಿದ್ದೆ."

ಮೂರು ಒಳ್ಳೆಯ ಕೋಕಾ ಎಲೆ ಆರಿಸಿ, ಬೆಟ್ಟಗಳತ್ತ ಹಿಡಿದು ಉಸಿರು ಊದಿ, ಗೋಡೆಯ ಬುಡದಲ್ಲಿಡುತ್ತಾರೆ. ಅಂಗಿಯಿಂದ ಟೋಪಿ ತೆಗೆಯುತ್ತಾರೆ. ಕೂಗುತ್ತಾರೆ.

"ತೋರೀ, ಬಾರೋ. ಅಣ್ಣ ಬಂದಿದ್ದೀನಿ. ತಡ ಆಯ್ತು ಕಣೋ, ಬಹಳ ತಡ ಆಯ್ತು. ಬಾ, ಮನೆಗೆ ಹೋಗೋಣ."

ಟೋಪಿಯನ್ನು ಗಾಳಿಯಲ್ಲಿ ಬೀಸಿ ಬೀಸಿ ಕರೆಯುತ್ತಾರೆ, ನೆರೆತ ತಲೆಯ ಮನುಷ್ಯ, ಕುರಿ ಕಾಯುವ ಹುಡುಗನ ದನಿಯಲ್ಲಿ. ಆಮೇಲೆ ಟೋಪಿಯನ್ನು ಎರಡೂ ಕೈಯಲ್ಲಿ ಮುಚ್ಚಿ ಎದೆಗೆ ಒತ್ತಿಕೊಂಡು ಹೊರಡುತ್ತಾರೆ. ನಾವು ಅವರ ಅಕ್ಕಪಕ್ಕ. ನನಗೆ ಅಳು ಬರುತ್ತಿದೆ, ಅದನ್ನು ಮುಚ್ಚಿಡುವ ಅಗತ್ಯ ಕಾಣುತ್ತಿಲ್ಲ.

ಇಳಿಯುವ ದಾರಿಯಲ್ಲಿ ಒಂದು ತಿರುವಿದೆ. ಅಲ್ಲಿ ನಿಂತು ಹಿಂದೆ ನೋಡಿದರೆ ಇಡೀ ಬೆಟ್ಟ, ಮೆಟ್ಟಿಲು ಹೊಲಗಳು, ಗೋಡೆಗಳು ಒಟ್ಟಿಗೆ ಕಾಣುತ್ತವೆ. ಅಲ್ಲಿ ಬಾವುಟ ಎತ್ತಿ "ಈಗ ಎಲ್ಲರೂ ತಿರುಗಿ ನೋಡಿ" ಎನ್ನುವುದು ಇಲಾರಿಯಾಳ ಪ್ರವಾಸದ ದೊಡ್ಡ ಗಳಿಗೆ. ಇವತ್ತು ಅವಳು ಬಾವುಟವನ್ನು ಕಂಕುಳಲ್ಲಿ ಸಿಕ್ಕಿಸಿಕೊಂಡು ಸುಮ್ಮನೆ ನಡೆಯುತ್ತಾಳೆ. ನಾವು ಯಾರೂ ತಿರುಗುವುದಿಲ್ಲ. ಗೇಟಿನಲ್ಲಿ ದೆಲ್ಫಿನಾ ಏನೋ ತಮಾಷೆ ಮಾಡಲು ಬಾಯಿ ತೆಗೆದವಳು, ನಸಾರಿಯೊ ಅವರ ಕೈಯಲ್ಲಿದ್ದ ಪುಟ್ಟ ಟೋಪಿ ನೋಡಿ, ಎದ್ದು ದಾರಿ ಬಿಡುತ್ತಾಳೆ. ಅವಳೂ ಬೆಟ್ಟದ ಮೇಲಿನವಳೇ.

ವ್ಯಾನಿನ ಪಕ್ಕದ ಬಾಗಿಲನ್ನು ನಸಾರಿಯೊ ತಾವೇ ಎಳೆದು ತೆರೆಯುತ್ತಾರೆ. ನನ್ನನ್ನು ಹತ್ತಿಸುತ್ತಾರೆ. ತಾವು ಹತ್ತುವುದಿಲ್ಲ, ಬಾಗಿಲು ಹಿಡಿದು ನಿಲ್ಲುತ್ತಾರೆ.

"ಇನ್ಯಾರಿಗೋ ಕಾಯೋದು?" ಎನ್ನುತ್ತಾರೆ ಬಾಸಿಲಿಯೊ ಸ್ಟಿಯರಿಂಗ್ ಹಿಂದಿನಿಂದ. "ಕತ್ತಲಾಯ್ತು."

ಒಂದು ಮಗು ತನ್ನ ಪುಟ್ಟ ಕಾಲಿನಲ್ಲಿ ಆ ಎತ್ತರದ ಮೆಟ್ಟಿಲು ಹತ್ತಲು ಹಿಡಿಯುವಷ್ಟು ಹೊತ್ತು ನಸಾರಿಯೊ ಹಾಗೆಯೇ ನಿಂತಿರುತ್ತಾರೆ. ಆಮೇಲೆ ಒಳಗೆ ಬಂದು, ಕಿಟಕಿಯ ಪಕ್ಕದ ಸೀಟು ಖಾಲಿ ಬಿಟ್ಟು, ಅದರ ಮೇಲೆ ಟೋಪಿ ಇಟ್ಟು, ತಾವು ಪಕ್ಕದಲ್ಲಿ ಕೂರುತ್ತಾರೆ. ಖಾಲಿ ಸೀಟಿನ ಬೆಲ್ಟನ್ನೂ ಎಳೆದು ಹಾಕುತ್ತಾರೆ.

ಇಲಾರಿಯಾ ಮುಂದಿನ ಸೀಟಿನಿಂದ ಹಿಂದೆ ತಿರುಗುತ್ತಾಳೆ. ದಿನವೂ ಕೇಳುವ ಹಾಗೆಯೇ ಕೇಳುತ್ತಾಳೆ.

"ಎಲ್ಲರೂ ಬಂದ್ರಾ ಅಪ್ಪಾ?"

ನಸಾರಿಯೊ ಒಬ್ಬೊಬ್ಬರನ್ನೇ ನೋಡುತ್ತಾರೆ. ಕಿಟಕಿಯ ಪಕ್ಕವನ್ನೂ ನೋಡುತ್ತಾರೆ.

"ಬಂದ್ರು," ಎನ್ನುತ್ತಾರೆ. "ಹೊರಡು."